ಹಸಿರು ಹಿಮ್ಮಡಿ

ಬ್ರೆಡ್ಡಿನ ಅಂಚು ಕುಯ್ಯುತ್ತಿದ್ದ ಮೇವಿಸ್‌ಳ ಕಿವಿಯಲ್ಲಿ ನಿನ್ನೆ ಸಂಜೆಯಿಂದ ಒಂದೇ ಮಾತು ಕೂತುಬಿಟ್ಟಿತ್ತು. 'ಎರಡು ವರ್ಷ ಅಟ್ಲಾಂಟಿಕ್ ಸಾಗರದಲ್ಲಿ ಕಾದಾಡಿದ ಈ ಹಡಗು ತನ್ನ ಒಬ್ಬ ನಾವಿಕನನ್ನೂ ಕಳೆದುಕೊಳ್ಳಲಿಲ್ಲ.' ಮೈಕು ಸರಿಯಿದೆಯೋ ಇಲ್ಲವೋ ನೋಡಬೇಕೆಂದು ಕಮಾಂಡರ್ ಪ್ರಿಡೋ ಅದನ್ನೇ ಮತ್ತೆ ಮತ್ತೆ ಓದಿದ್ದರು. ಒಮ್ಮೆ ದೂರ ನಿಂತು, ಒಮ್ಮೆ ಹತ್ತಿರ ನಿಂತು, ಹಿಂದಿನಿಂದ ಯಾರೋ 'ಕೇಳಿಸ್ತಿಲ್ಲ ಸಾರ್' ಎಂದದ್ದಕ್ಕೆ ಇನ್ನೊಮ್ಮೆ ಗಂಟಲೇರಿಸಿ. ಮಾಜಿ ಸೈನಿಕರ ಸಂಘದ ಸಭಾಂಗಣದಲ್ಲಿ ಕಪ್ಪು ಬಸಿ ಜೋಡಿಸುತ್ತಿದ್ದ ಮೇವಿಸ್ ನಿಂತಲ್ಲೇ ನಿಂತಿದ್ದಳು. ಕಪ್ಪು ಬಸಿಗೆ ತಾಗಿ ಟಣ್ಣೆಂದಿತು. ಯಾರೂ ತಿರುಗಿ ನೋಡಲಿಲ್ಲ. ಒಬ್ಬನನ್ನೂ ಕಳೆದುಕೊಳ್ಳಲಿಲ್ಲವಂತೆ. ಹಾಗಾದರೆ ಲೋರ್ನ್ ಯಾರು? ಆ ಹಡಗಿನ ಬಾಯ್ಲರ್ ಕೋಣೆಯಲ್ಲಿ ಬೆಂದುಹೋದ ಅವಳ ತಮ್ಮ ಲೋರ್ನ್ ಹ್ಯಾಡೋ ಏನು ಹಡಗಿನ ಬೆಕ್ಕೇ? ವೆಸ್ಟ್‌ಮೇರ್ ಅದೃಷ್ಟದ ಹಡಗು ಎಂದು ಈ ಸಂಘದ ಗಂಡಸರು ಶನಿವಾರದ ಬಿಯರಿನ ಮೇಲೆ ಹೇಳಿಕೊಳ್ಳುವುದನ್ನು ಅವಳು ಇಪ್ಪತ್ತು ವರ್ಷದಿಂದ ಕೇಳಿದ್ದಳು. ಕುಡಿದವರ ಬಾಯಿ, ಹೋಗಲಿ ಎಂದು ಬಿಟ್ಟಿದ್ದಳು. ಆದರೆ ಇವತ್ತು ಹನ್ನೊಂದು ಗಂಟೆಗೆ ಸಮುದ್ರದ ದಂಡೆಯಲ್ಲಿ ಬಟ್ಟೆ ಸರಿಸಿ ತೋರಿಸುವುದು ಬಾಯಿಮಾತಲ್ಲ. ಕಂಚಿನ ಫಲಕ. ವೆಸ್ಟ್‌ಮೇರ್ ಫ್ರಿಗೇಟಿನ ಸೇವಾ ಇತಿಹಾಸ. ಮಳೆಗೂ ಉಪ್ಪುಗಾಳಿಗೂ ಅಳಿಸದ ಅಕ್ಷರಗಳಲ್ಲಿ ಅವಳ ತಮ್ಮ ಸಾಯಲೇ ಇಲ್ಲ ಎಂದು ಬರೆದಿದ್ದಾರೆ, ಅದೂ ಮೇ ತಿಂಗಳ ಮೊದಲ ಭಾನುವಾರ, ಅಟ್ಲಾಂಟಿಕ್‌ನಲ್ಲಿ ಸತ್ತವರನ್ನು ನೆನೆಯುವುದಕ್ಕೆಂದೇ ಇಟ್ಟ ಭಾನುವಾರ.

"ಏನೇ ಮೇವಿಸ್, ಬ್ರೆಡ್ ಕುಯ್ತಿದ್ದೀಯೋ, ಯಾರದಾದ್ರೂ ಕತ್ತು ಕುಯ್ತಿದ್ದೀಯೋ?" ಎಂದಳು ಸಂಘದ ಅಡುಗೆಕೋಣೆಯಲ್ಲಿ ಪಕ್ಕಕ್ಕೆ ನಿಂತಿದ್ದ ಗುಡ್ರನ್. ಮಹಿಳಾ ಘಟಕದಲ್ಲಿ ಮೇವಿಸ್ ಬಾಯಿಬಿಟ್ಟು ಮಾತಾಡುವುದು ಅವಳೊಬ್ಬಳ ಹತ್ತಿರವೇ.

"ಕತ್ತಾಗಿದ್ರೆ ಇಷ್ಟು ಚೆನ್ನಾಗಿ ಕುಯ್ತಿರಲಿಲ್ಲ. ಮೊಂಡು ಚಾಕು ಹುಡುಕ್ತಿದ್ದೆ."

"ಆರ್ವಿಲ್‌ದಾ?"

"ಸಾಲಿನಲ್ಲಿ ಅವನೂ ಇದ್ದಾನೆ."

ಗುಡ್ರನ್ ನಕ್ಕು ಬೇಯಿಸಿದ ಮೊಟ್ಟೆಯನ್ನು ಮಸೆಯತೊಡಗಿದಳು. ಹಬೆಯಾಡುವ ಕಾಫಿ ಹಂಡೆಯ ಮೇಲಿನ ಕಿಟಕಿಯಲ್ಲಿ ಕೊಲ್ಲಿ ಕಾಣುತ್ತಿತ್ತು. ತೇಲುವ ಮರದ ದಿಮ್ಮಿಗಳು, ಅವುಗಳ ಆಚೆ ತುಕ್ಕು ಹಿಡಿದು ಅರ್ಧ ಮುಳುಗಿ ನಿಂತ ವೆಸ್ಟ್‌ಮೇರ್. ಈ ಗಾರ್ನೆಟ್ ಬೇ ಊರಿಗೆ ಮದುವೆಯಾಗಿ ಬಂದ ಹೊಸತರಲ್ಲಿ ಅದು ಇರಲಿಲ್ಲ. ಗಂಡ ಆರ್ವಿಲ್‌ಗೆ ಮರದ ಕಾರ್ಖಾನೆಯಲ್ಲಿ ದಿಮ್ಮಿ ವಿಂಗಡಿಸುವ ಕೆಲಸ ಸಿಕ್ಕಿತೆಂದು ಗೋಧಿ ಬಯಲಿನ ತನ್ನೂರು ಬಿಟ್ಟು ಇಷ್ಟು ದೂರ ಬಂದಿದ್ದಳು. ಎರಡನೆಯ ಚಳಿಗಾಲದಲ್ಲಿ, ದಿಮ್ಮಿಗಳಿಗೆ ಅಲೆ ಹೊಡೆಯದಂತೆ ಅಡ್ಡಗೋಡೆ ಬೇಕೆಂದು ಕಾರ್ಖಾನೆಯವರು ಗುಜರಿಗೆ ಬಿದ್ದ ಯುದ್ಧದ ಹಡಗೊಂದನ್ನು ಎಳೆದು ತಂದರು. ಫಿರಂಗಿ ಇಲ್ಲ, ಚಿಮಣಿ ಇಲ್ಲ, ಕಿಟಕಿಗಳೆಲ್ಲ ಕಿತ್ತುಹೋಗಿ ಕಣ್ಣು ಕಿತ್ತ ಮುಖದ ಹಾಗಿತ್ತು. ಬಟ್ಟೆ ಒಣಹಾಕುತ್ತಿದ್ದ ಮೇವಿಸ್ ಅದರ ಮೈಮೇಲಿನ ಅಂಕೆಯನ್ನು ಓದುತ್ತಿದ್ದ ಹಾಗೆ ಹಿಂದೆ ಆರ್ವಿಲ್ ಬಂದು ನಿಂತು ಟೋಪಿ ತೆಗೆದಿದ್ದ. 'ನಮ್ಮದೇ ಕಣೇ' ಎಂದಿದ್ದ. ನಮ್ಮದಂತೆ! ತಮ್ಮನನ್ನು ತಿಂದದ್ದು ಸಾಲದೆ ಒಂದು ಖಂಡದ ಈ ತುದಿಯವರೆಗೆ ಹಿಂಬಾಲಿಸಿಕೊಂಡು ಬಂದು ತನ್ನ ಅಡುಗೆಮನೆಯೆದುರಿಗೇ ಕೂತಿತಲ್ಲ ಎಂದು ಅವಳಿಗೆ ಅನ್ನಿಸಿತ್ತು. ಹೊಟ್ಟೆಗೆ ಕಲ್ಲು ತುಂಬಿ, ತಳಕ್ಕೆ ತೂತು ಕೊರೆದು ಅದನ್ನು ಅಲ್ಲೇ ಕೂರಿಸಿದರು. ಆಮೇಲೆ ದಿನಾ ಬೆಳಿಗ್ಗೆ ಹಾಲು ಕಾಯಿಸುವಾಗ ಅದನ್ನು ನೋಡಿದಳು. ಮಕ್ಕಳಿಗೆ ಜ್ವರ ಬಂದಾಗ ನೋಡಿದಳು. ನೋಡಿ ನೋಡಿ ಒಂದು ದಿನ, ಅಲೆ ತಡೆಯುವ ಈ ಕೆಲಸ ಒಂದೇ ಅದು ಮಾಡಿದ ಪ್ರಾಮಾಣಿಕ ಕೆಲಸ ಎಂದು ತೀರ್ಮಾನಿಸಿ ಅದರೊಡನೆ ಒಂದು ಬಗೆಯ ರಾಜಿ ಮಾಡಿಕೊಂಡಿದ್ದಳು. ನಿನ್ನೆ ಸಂಜೆ ಆ ರಾಜಿ ಮುರಿದುಬಿತ್ತು. ಇವತ್ತು ಬೆಳಿಗ್ಗೆ ಮನೆ ಬಿಡುವಾಗ ಏಕೆಂದು ತನಗೇ ತಿಳಿಯದೆ ಬೀರುವಿನ ಕೆಳಗಿನ ಖಾನೆ ಎಳೆದು, ಅಲ್ಲಿದ್ದ ಒಂಟಿ ಕಾಲುಚೀಲವನ್ನು ಕೋಟಿನ ಜೇಬಿಗೆ ತುರುಕಿಕೊಂಡು ಬಂದಿದ್ದಳು. ಕೋಟು ಈಗ ಬಾಗಿಲ ಹಿಂದಿನ ಮೊಳೆಯಲ್ಲಿ ತೂಗುತ್ತಿತ್ತು.

ಬೂದು ಉಣ್ಣೆಯ ಕಾಲುಚೀಲ. ಹಿಮ್ಮಡಿ ಮಾತ್ರ ಹಸಿರು. ಹೆಣೆಯುತ್ತಿದ್ದಾಗ ಬೂದು ನೂಲು ಮುಗಿದುಹೋಗಿ ಅಮ್ಮ ತನ್ನ ಹಳೆಯ ಹಸಿರು ಮಫ್ಲರು ಬಿಚ್ಚಿ ಹಿಮ್ಮಡಿ ಮುಗಿಸಿದ್ದಳು. ಅಮ್ಮ ರೈಲ್ವೆ ಜಂಕ್ಷನ್ನಿನಲ್ಲಿ ಚಹಾ ಅಂಗಡಿ ನಡೆಸುತ್ತಿದ್ದವಳು. ಸಮುದ್ರ ನೋಡಿದವಳಲ್ಲ. ನೋಡಿದವರಾದರೂ ಆ ಬಯಲಿನಲ್ಲಿ ಯಾರಿದ್ದರು? ಅದಕ್ಕೇ ಇರಬೇಕು, ಆ ಕಡೆಯ ಹುಡುಗರೆಲ್ಲ ನೌಕಾಪಡೆಗೇ ಓಡಿದ್ದು. 'ಹಡಗಿನಲ್ಲಿ ತುಂಬಾ ಚಳಿ ಇರುತ್ತೇನೋ' ಎಂದು ಅಮ್ಮ ಕೇಳಿದ್ದಕ್ಕೆ ಲೋರ್ನ್, 'ನಾನಿರೋದು ಬಾಯ್ಲರ್ ಪಕ್ಕ ಅಮ್ಮಾ, ಬೇಯ್ತೀನಿ ಅಲ್ಲಿ' ಎಂದು ನಕ್ಕಿದ್ದ. ಆ ನಗುವನ್ನು ಮೇವಿಸ್ ಎಷ್ಟು ಸಲ ಮನಸ್ಸಿನಿಂದ ಕಿತ್ತೆಸೆಯಲು ನೋಡಿದರೂ ಹಂಡೆಯ ಹಬೆ ಮುಖಕ್ಕೆ ಬಡಿದಾಗಲೆಲ್ಲ ಅದೇ ಮೊದಲು ಬರುತ್ತಿತ್ತು. ಲೋರ್ನ್ ಸತ್ತನೆಂಬ ತಂತಿ ಬಂದು ಒಂದು ವರ್ಷ ಕಳೆದ ಮೇಲೆ, ಯುದ್ಧ ಮುಗಿದ ಬೇಸಗೆಯಲ್ಲಿ, ಎರಡೂ ಮೊಣಕೈವರೆಗೆ ಚರ್ಮ ಸುಟ್ಟು ಹೊಳೆಯುತ್ತಿದ್ದ ಹುಡುಗನೊಬ್ಬ ರೈಲಿಳಿದು ಅಮ್ಮನ ಅಂಗಡಿಗೆ ಬಂದ. ಆರ್ವಿಲ್ ಟಾಲ್ಮಿ ಎಂದ. ಲೋರ್ನ್ ಜೊತೆ ಬಾಯ್ಲರ್ ಕೋಣೆಯಲ್ಲಿದ್ದೆ ಎಂದ. ಒಂದು ದಪ್ಪ ಲಕೋಟೆಯನ್ನು ಮುಂದಿಟ್ಟು, 'ಇದು ಅವನ ಸಾಮಾನಿನ ಹರಾಜಿನ ದುಡ್ಡು ಅಮ್ಮ' ಎಂದ.

'ಹರಾಜಾ?' ಅಮ್ಮ ಕೂತಲ್ಲಿಂದ ಎದ್ದಿದ್ದಳು. 'ನನ್ನ ಮಗನ ಬಟ್ಟೆಬರೆ ಹರಾಜು ಹಾಕಿದ್ರಾ? ಮೈ ಆರೋ ಮೊದಲೇ ಹಂಚಿಕೊಂಡ್ರಾ? ಹದ್ದುಗಳು ಕಣ್ರೋ ನೀವು! ನಡೀ ಆಚೆ!' ರೈಲು ಕಾಯುತ್ತಿದ್ದವರೆಲ್ಲ ಚಹಾ ಬಿಟ್ಟು ನೋಡುತ್ತಿದ್ದರು. ಹುಡುಗ ಆಚೆ ಹೋಗಲಿಲ್ಲ. ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತ ನಿಂತು, ನೆಲಕ್ಕೆ ಹೇಳುವವನ ಹಾಗೆ ಹೇಳಿದ. ಹಡಗಿನಲ್ಲಿ ಯಾರಾದರೂ ಸತ್ತರೆ ಹಾಗೆ ಮಾಡುವುದು ವಾಡಿಕೆ. ಎಲ್ಲರೂ ಮೇಲೆ ಸೇರುತ್ತಾರೆ. ತಾಂಡೇಲ, ಅಂದರೆ ನಾವಿಕರಿಗೆಲ್ಲ ಹಿರಿಯ, ವೇಲನ್ ಅಂತ ಒಬ್ಬ, ಅವನು ಮೊದಲು 'ಟೋಪಿ' ಎಂದು ಕೂಗುತ್ತಾನೆ. ಎಲ್ಲರೂ ಟೋಪಿ ತೆಗೆಯಬೇಕು, ಕ್ಯಾಪ್ಟನ್ ಕೂಡ. ಆಮೇಲೆ ಸತ್ತವನ ಸಾಮಾನು ಒಂದೊಂದಾಗಿ ಎತ್ತಿ ಹಿಡಿಯುತ್ತಾನೆ. ಜನ ಕೂಗುವ ಸವಾಲು ಸಾಮಾನಿನ ಬೆಲೆಯದಲ್ಲ. ಒಂದು ಬಾಚಣಿಗೆಗೆ ವಾರದ ಸಂಬಳ. ಕೊಂಡವನು ಅದನ್ನು ವಾಪಸು ಎಸೆದು 'ಮತ್ತೆ ಮಾರು' ಎನ್ನುತ್ತಾನೆ. ಮತ್ತೊಬ್ಬ ಕೊಳ್ಳುತ್ತಾನೆ, ಅವನೂ ವಾಪಸು ಎಸೆಯುತ್ತಾನೆ. ಹೀಗೆ ಜೇಬು ಬರಿದಾಗುವ ತನಕ. ಅದೆಲ್ಲ ಸತ್ತವನ ತಾಯಿಗೆ. ಜೋಡಿ ಕಾಲುಚೀಲವನ್ನು ಒಟ್ಟಿಗೆ ಮಾರಿದರೆ ಸವಾಲು ಬೇಗ ಮುಗಿಯುತ್ತದೆಂದು ಒಂದೊಂದೇ ಮಾರಿದರು. ಒಂದು ತಂತಿ ಸಂದೇಶದವನ ಪಾಲಾಯಿತು. ಇನ್ನೊಂದನ್ನು ನಾನು ಕೊನೆಗೆ ಕೊಂಡೆ, ವಾಪಸು ಎಸೆಯೋಕೆ ಮನಸ್ಸು ಬರಲಿಲ್ಲ, ಕ್ಷಮಿಸಿ.

'ಎಷ್ಟಕ್ಕೆ ಕೊಂಡೆ?' ಎಂದಳು ಅಮ್ಮ.

'ಒಂದು ತಿಂಗಳ ಸಂಬಳಕ್ಕೆ.'

'ಒಂದಕ್ಕೇ?'

'ಒಂದಕ್ಕೇ ಅಮ್ಮ.'

ಅಮ್ಮ ಅವನ ಕಾಲು ನೋಡಿದಳು, ಮುಖ ನೋಡಿದಳು. 'ದಡ್ಡ ಮುಂಡೇದೇ, ನಿಂಗೆ ಎರಡು ಕಾಲಿದೆಯಲ್ಲೋ' ಎಂದವಳು, ತಂತಿ ಬಂದ ದಿನವೂ ಅಳದವಳು, ಅವತ್ತು ಏಪ್ರನ್ನಿನ ಅಂಚಿನಿಂದ ಬಾಯಿ ಮುಚ್ಚಿಕೊಂಡು ಅತ್ತಳು. ಅತ್ತು ಮುಗಿಸಿ ಅವನಿಗೆ ಸೂಪು ಬಡಿಸಿದಳು. ಮೇವಿಸ್ ಬ್ರೆಡ್ ತಂದಿಟ್ಟಳು. ಅವನು ಮುಂದಿನ ರೈಲು ಹಿಡಿಯಲಿಲ್ಲ. ಅದರ ಮುಂದಿನದನ್ನೂ ಹಿಡಿಯಲಿಲ್ಲ.

"ಆಹಾ! ಮಹಿಳಾ ಘಟಕ ಆಗಲೇ ಯುದ್ಧಕ್ಕೆ ಸಿದ್ಧವಾಗಿದೆ!" ಎನ್ನುತ್ತ ಕಮಾಂಡರ್ ಪ್ರಿಡೋ ಅಡುಗೆಕೋಣೆಗೆ ಬಂದರು. ನೀಲಿ ಕೋಟು, ಎದೆಯ ತುಂಬ ಪದಕ, ಕಂಕುಳಲ್ಲಿ ಬಿಳಿ ಟೋಪಿ. ವೆಸ್ಟ್‌ಮೇರ್‌ನಲ್ಲಿ ಅವರು ಎಲ್ಲರಿಗಿಂತ ಕಿರಿಯ ಅಧಿಕಾರಿಯಾಗಿದ್ದವರು. ಈಗ ಬದುಕಿರುವ ಅಧಿಕಾರಿ ಅವರೊಬ್ಬರೇ ಆದ್ದರಿಂದ ಇತಿಹಾಸ ಬರೆಯುವ ಕೆಲಸವೂ ಅವರದೇ ಆಗಿತ್ತು. ಗುಡ್ರನ್ ಕಾಫಿ ಬಗ್ಗಿಸಿಕೊಟ್ಟಳು. ಮೇವಿಸ್ ಚಾಕುವನ್ನು ಕೆಳಗಿಟ್ಟಳು. ಕೈ ಒರೆಸಿಕೊಂಡಳು. ಏನು ಹೇಳಬೇಕೆಂದು ರಾತ್ರಿಯೆಲ್ಲ ಜೋಡಿಸಿಟ್ಟಿದ್ದ ಮಾತು, ಆ ಮನುಷ್ಯನ ಬಿಳಿ ಮೀಸೆಗೆ ಕಾಫಿ ಅಂಟಿದ್ದು ನೋಡುತ್ತಿದ್ದಂತೆ ಎಲ್ಲಿಗೋ ಹೋಗಿಬಿಟ್ಟಿತು.

"ಕಮಾಂಡರ್ ಸಾಹೇಬರೇ, ಆ ಫಲಕದಲ್ಲಿ ಒಂದು ತಪ್ಪಿದೆ."

"ಅಯ್ಯೋ, ಅಕ್ಷರ ತಪ್ಪಾ? ನನ್ನ ಹೆಂಡತಿ ಎರಡು ಸಲ ನೋಡಿದ್ಲಲ್ಲ."

"ಅಕ್ಷರದ್ದಲ್ಲ. ಒಬ್ಬರೂ ಸಾಯಲಿಲ್ಲ ಅಂತಿದೆ. ನನ್ನ ತಮ್ಮ ಸತ್ತಿದ್ದಾನೆ."

ಅವರು ಕಪ್ಪು ಇಳಿಸಿದರು. ಮುಖದಲ್ಲಿ ನಿಜವಾದ ಅನುಕಂಪ ಇತ್ತು. ಅದನ್ನು ಕಂಡೇ ಅವಳ ಮೈ ಇನ್ನಷ್ಟು ಉರಿಯಿತು. "ಹೌದು ಹೌದು, ಪಾಪ. ಲಾರೆನ್ಸ್ ಅಲ್ವೇ?"

"ಲೋರ್ನ್."

"ಲೋರ್ನ್. ಒಳ್ಳೇ ಹುಡುಗ. ನೋಡಿ ಮಿಸೆಸ್ ಟಾಲ್ಮಿ, ಇದನ್ನ ಹೇಗೆ ಹೇಳಲಿ... ಅವನನ್ನ ನಾವು ಜೀವಂತವಾಗಿ ಲಂಡನ್‌ಡೆರಿ ಬಂದರಿನ ಆಸ್ಪತ್ರೆಗೆ ಇಳಿಸಿದ್ವಿ. ಆ ಹೊತ್ತಿನಿಂದ ಅವನು ಹಡಗಿನ ಲೆಕ್ಕದಲ್ಲಿಲ್ಲ, ಆಸ್ಪತ್ರೆ ಲೆಕ್ಕದಲ್ಲಿ. ಅವನು ತೀರಿಕೊಂಡಾಗ ನಾವು ಆಗಲೇ ಸಮುದ್ರದಲ್ಲಿದ್ವಿ. ಇತಿಹಾಸ ಅಂದ್ಮೇಲೆ ನಿಯಮದ ಪ್ರಕಾರ ಬರೀಬೇಕಲ್ಲ?"

"ಬೆಂದಿದ್ದು ಯಾವ ಲೆಕ್ಕದಲ್ಲಿ ಸಾರ್?"

"ಅಂದ್ರೆ?"

"ಸತ್ತಿದ್ದು ಆಸ್ಪತ್ರೆ ಲೆಕ್ಕದಲ್ಲಿ. ಬೆಂದಿದ್ದು?"

ಗುಡ್ರನ್ ಮೊಟ್ಟೆ ಮಸೆಯುವುದನ್ನು ನಿಲ್ಲಿಸಿದಳು. ಕಮಾಂಡರ್ ಒಂದು ಗಳಿಗೆ ಕಿಟಕಿಯ ಕಡೆ ನೋಡಿ, ಆಮೇಲೆ ಮೇವಿಸ್‌ಳ ಭುಜದ ಮೇಲೆ ಮೆಲ್ಲಗೆ ಕೈಯಿಟ್ಟರು. "ಇಡೀ ಊರಿಗೆ ಇವತ್ತು ಸಂತೋಷದ ದಿನ ಅಮ್ಮ. ಅದೃಷ್ಟದ ಹಡಗು ಅನ್ನೋದು ಆ ಹುಡುಗರಿಗೆ ಎಷ್ಟು ದೊಡ್ಡ ಮಾತು ಅಂತ ನಿಮ್ಮ ಯಜಮಾನರನ್ನೇ ಕೇಳಿ. ಅಂದಹಾಗೆ ಖರ್ಜೂರದ ಕೇಕು ನೀವು ಮಾಡಿದ್ದಂತೆ? ಬಹಳ ಚೆನ್ನಾಗಿದೆ." ಒಂದು ತುಂಡನ್ನು ಕಾಗದದ ಕರವಸ್ತ್ರದಲ್ಲಿ ಸುತ್ತಿಕೊಂಡು ಹೊರಟೇಹೋದರು. ಭುಜದ ಮೇಲೆ ಅವರ ಕೈಯಿದ್ದ ಜಾಗವನ್ನು ಮೇವಿಸ್ ಒದ್ದೆ ಬಟ್ಟೆಯಿಂದ ಒರೆಸಿಕೊಂಡಳು. ಹೆಸರೂ ನೆನಪಿಲ್ಲ. ಇಡೀ ಹಡಗಿನಲ್ಲಿ ನೂರೈವತ್ತು ಚಿಲ್ಲರೆ ಜನ. ಅವರಲ್ಲಿ ಸತ್ತವನು ಒಬ್ಬನೇ ಒಬ್ಬ. ಆ ಒಂದು ಹೆಸರನ್ನು ನೆನಪಿಡುವುದು ಇಷ್ಟು ಓದಿದ ತಲೆಗೆ ಭಾರವಾಯಿತೇ? ಮುಳುಗಿಸಿದ ಜಲಾಂತರ್ಗಾಮಿಯ ಅಂಕೆ ನೆನಪಿದೆ. ಎಣ್ಣೆ ಹಡಗೊಂದು ಹೊತ್ತಿ ಉರಿದಾಗ ನೀರಿನಿಂದ ಎತ್ತಿದ ಪರವೂರಿನ ನಾವಿಕರು ಎಷ್ಟು ಮಂದಿಯೆಂದು ನೆನಪಿದೆ. ಉದ್ಘಾಟನೆಯ ದಿನ ಹಡಗಿಗೆ ಶಾಂಪೇನು ಒಡೆದ ಹೆಂಗಸಿನ ಹ್ಯಾಟಿನ ಬಣ್ಣ ಕೂಡ ಫಲಕದಲ್ಲಿ ಇದ್ದೀತು! ಇವಳೇನಾದರೂ ಇತಿಹಾಸ ಬರೆಯುವುದಾಗಿದ್ದರೆ ಬೇರೆಯದನ್ನೇ ಬರೆಯುತ್ತಿದ್ದಳು. ಆವಿ ಕೊಳವೆಯ ಕೀಲು ಸೋರುತ್ತಿದೆ ಎಂದು ಕೆಳಗಿನವರು ಹೇಳಿಕಳಿಸಿದ್ದು, ಬಂದರಿಗೆ ಹೋದ ಮೇಲೆ ನೋಡೋಣವೆಂದು ಮೇಲಿನವರು ಹೇಳಿಕಳಿಸಿದ್ದು, ಬಂದರಿಗೆ ಹೋದಾಗ ಸರಕು ಹಡಗುಗಳು ಕಾಯುತ್ತಿವೆ ಮುಂದಿನ ಸಲ ನೋಡೋಣವೆಂದದ್ದು. ಮುಂದಿನ ಸಲ ಜಲಾಂತರ್ಗಾಮಿಯನ್ನು ಅಟ್ಟಿಸಿಕೊಂಡು ಹೋಗಲು ಇನ್ನೂ ವೇಗ, ಇನ್ನೂ ವೇಗ ಎಂದು ಮೇಲಿನಿಂದ ಗಂಟೆ ಬಾರಿಸಿದ್ದು. ಕೀಲು ಕಿತ್ತು ಬಿಳಿ ಆವಿ ನುಗ್ಗಿದಾಗ ಆರ್ವಿಲ್ ಕಣ್ಣು ಮುಚ್ಚಿಕೊಂಡು ಕೈಚಾಚಿ ಹುಡುಕಿ ಲೋರ್ನ್‌ನನ್ನು ಏಣಿಯ ಬುಡಕ್ಕೆ ಎಳೆದದ್ದು. ಅದರ ನಡುವೆಯೂ ಹಡಗು ನಿಲ್ಲಲಿಲ್ಲ. ಇನ್ನೊಂದು ಬಾಯ್ಲರಿನ ಬಲದಲ್ಲೇ ಓಡಿ ಅದೇ ಹೊತ್ತಿನಲ್ಲಿ ಆ ಜಲಾಂತರ್ಗಾಮಿಯನ್ನು ಮುಳುಗಿಸಿತು. ಫಲಕದಲ್ಲಿ ಅದು ದಪ್ಪ ಅಕ್ಷರದಲ್ಲಿದೆ.

ಅವಳು ಕೋಟು ಹಾಕಿಕೊಂಡು ಹಿತ್ತಿಲ ಬಾಗಿಲಿಂದ ಹೊರಬಂದಳು. ಆರ್ವಿಲ್ ಗೋಡೆಯ ಮರೆಯಲ್ಲಿ ಹಡಗಿನ ಹಳೆಯ ಗಂಟೆಯನ್ನು ಉಜ್ಜುತ್ತ ಕೂತಿದ್ದ. ಫಲಕದ ಮೇಲಿನ ಬಟ್ಟೆ ಸರಿದ ಕೂಡಲೇ ಹಡಗಿನ ವಾಡಿಕೆಯಂತೆ ಎಂಟು ಸಲ ಗಂಟೆ ಹೊಡೆಯುವ ಕೆಲಸ ಅವನದು. ಅದಕ್ಕೆಂದು ಎರಡು ದಿನ ಮೊದಲೇ ಬ್ಲೇಜರಿಗೆ ಇಸ್ತ್ರಿ ಹಾಕಿಸಿಕೊಂಡಿದ್ದ. ಹೊಳೆಯುವ ಹಿತ್ತಾಳೆಯಲ್ಲಿ ಅವನ ಮುಖ ಅಗಲವಾಗಿ, ಮಗುವಿನದರಂತೆ ಕಾಣುತ್ತಿತ್ತು.

"ನಿನ್ನೆ ಅವರು ಓದಿದ್ದು ನಿಂಗೂ ಕೇಳಿಸ್ತು ತಾನೇ?"

"ಕೇಳಿಸ್ತು."

"ಮತ್ತೆ?"

"ಬಿಡೇ ಮಾರಾಯ್ತಿ. ಬರೆಯೋರು ಏನೋ ಬರ್ಕೋತಾರೆ. ಲೋರ್ನ್‌ಗೆ ಇದೆಲ್ಲ ಬೇಕಾಗಿರ್ಲಿಲ್ಲ."

"ಲೋರ್ನ್‌ಗೆ ಏನು ಬೇಕಾಗಿತ್ತು ಅಂತ ಹೇಳೋಕೆ ಅವನಿದ್ದಾನಾ? ಇಲ್ಲ. ಯಾಕಿಲ್ಲ ಅಂತ ಕೇಳಿದ್ರೆ ಆ ಕಂಚು ಹೇಳುತ್ತೆ, ಅವನು ಸತ್ತೇ ಇಲ್ಲ ಅಂತ. ಹಾಗಾದ್ರೆ ನಮ್ಮಮ್ಮನ ಮುಂದೆ ನೀನು ತಂದಿಟ್ಟ ದುಡ್ಡು ಯಾರ ಹರಾಜಿನದು? ಯಾರೂ ಸಾಯದ ಹಡಗಲ್ಲಿ ಯಾರ ಕಾಲುಚೀಲ ಮಾರಿದ್ರಿ? ಆ ಪ್ರಿಡೋನೂ ಟೋಪಿ ತೆಗೆದು ನಿಂತಿದ್ದ ಅಂತ ನೀನೇ ಹೇಳಿದ್ದೀಯ."

"ನಿಂತಿದ್ದ."

"ಹೋಗಿ ಹೇಳು ಮತ್ತೆ!"

ಆರ್ವಿಲ್ ಉಜ್ಜುವುದನ್ನು ನಿಲ್ಲಿಸಲಿಲ್ಲ. ಅಂಗಿಯ ತೋಳು ಮಡಚಿದ್ದರಿಂದ ಮೊಣಕೈವರೆಗಿನ ಹಳೆಯ ಸುಟ್ಟ ಚರ್ಮ ಕಾಣುತ್ತಿತ್ತು. ಕೂದಲಿಲ್ಲದ, ಗೆರೆಯಿಲ್ಲದ, ವಯಸ್ಸೇ ಆಗದ ಚರ್ಮ. "ಕಾರ್ಖಾನೇಲಿ ನನ್ನ ಯಾರೂ ಹೆಸರು ಹಿಡಿದು ಕರೆಯಲ್ಲ ಕಣೇ. 'ಏ ದಿಮ್ಮಿ' ಅಂತಾರೆ. ಮಕ್ಕಳು ವಿಕ್ಟೋರಿಯಾ ಪಟ್ಟಣಕ್ಕೆ ಹೋದ್ಮೇಲೆ ಅಪ್ಪ ಏನ್ಮಾಡ್ತಿದ್ದ ಅಂತ ಯಾರಾದ್ರೂ ಕೇಳಿದ್ರೆ ಹಡಗಲ್ಲಿದ್ದ ಅಂತಾರೆ, ದಿಮ್ಮಿ ತಳ್ತಿದ್ದ ಅನ್ನಲ್ಲ. ಇವತ್ತೊಂದು ದಿನ ಆ ಗಂಟೆ ಹೊಡೆಯೋಕೆ ನನ್ನ ಕರೆದಿದ್ದಾರೆ. ಒಂದೇ ದಿನ. ಅದನ್ನೂ ಕಿತ್ಕೋಬೇಡ."

ಅದನ್ನು ಕೇಳಿ ಅವಳ ಸಿಟ್ಟು ಇಮ್ಮಡಿಯಾಯಿತು. ಕುಯ್ದ ಬ್ರೆಡ್ಡಿನ ಅಂಚಿನ ಹಾಗೆ ತಮ್ಮನನ್ನು ಅಚ್ಚುಕಟ್ಟಾಗಿ ಕುಯ್ದು ಬದಿಗಿಟ್ಟವರು ಪ್ರಿಡೋ ಒಬ್ಬರೇ ಆಗಿದ್ದರೆ ಸುಲಭವಿತ್ತು. ಅವರ ಜೊತೆ ಇವನೂ ಇದ್ದಾನೆ, ಲೋರ್ನ್‌ನನ್ನು ಬೆಂಕಿಯಂಥ ಆವಿಯೊಳಗಿಂದ ಎಳೆದವನು. ಶನಿವಾರ ಶನಿವಾರ 'ಅದೃಷ್ಟದ ಹಡಗಿಗೆ' ಎಂದು ಗ್ಲಾಸು ಎತ್ತಿದವನು. ಅವರೆಲ್ಲರಿಗೆ ಉಪ್ಪು ಹಚ್ಚಿದ ಕಡಲೆ ತಟ್ಟೆಗೆ ಸುರಿದು ಕೊಟ್ಟವಳು ಯಾರು? ಹಾಗೆ ನೋಡಿದರೆ ಆ ಕಂಚನ್ನು ಕರಗಿಸಲು ತಾನೂ ಒಂದು ಹಿಡಿ ಸೌದೆ ಕೊಟ್ಟಿದ್ದೇನೆ ಎಂದು ಅನ್ನಿಸಿ ಮೇವಿಸ್‌ಗೆ ಬಾಯಿ ಕಹಿಯಾಯಿತು. "ಹೊಡಿ" ಎಂದಳು. "ಚೆನ್ನಾಗಿ ಹೊಡಿ. ಎಂಟಲ್ಲ, ಹದಿನಾರು ಹೊಡಿ." ಬಿರಬಿರನೆ ದಂಡೆಯ ಕಡೆ ಇಳಿದಳು.

ದಂಡೆಯಲ್ಲಿ ಕುರ್ಚಿಗಳೆಲ್ಲ ತುಂಬಿದ್ದವು. ಗಾಳಿ ಮರದ ತಿರುಳು ಬೇಯಿಸುವ ಕಾರ್ಖಾನೆಯ ಕಡೆಯಿಂದ ಬೀಸುತ್ತಿತ್ತು; ಕೊಳೆತ ಎಲೆಕೋಸಿನಂಥ ಆ ನಾತಕ್ಕೆ ಹೊರಗಿನಿಂದ ಬಂದ ಅತಿಥಿಗಳು ಮೂಗು ಮುಚ್ಚಿಕೊಂಡರೆ ಊರಿನವರು ಏನೂ ಆಗಿಲ್ಲವೆಂಬಂತೆ ಕೂತಿದ್ದರು. ಮುಂದಿನ ಸಾಲಿನ ಕೊನೆಯಲ್ಲಿ, ಗಾಲಿಕುರ್ಚಿಯಲ್ಲಿ, ಮೊಣಕಾಲಿಗೆ ಕಂಬಳಿ ಹೊದಿಸಿಕೊಂಡು ತಾಂಡೇಲ ವೇಲನ್ ಇದ್ದ. ಫಿರಂಗಿಯ ಸದ್ದಿಗೆ ಯುದ್ಧದಲ್ಲೇ ಅರ್ಧ ಹೋಗಿದ್ದ ಕಿವಿ ಈಗ ಪೂರ್ತಿ ಹೋದಂತೆಯೇ. ಪಕ್ಕದಲ್ಲಿ ಕೂತ ಮಗಳು ಕಿವಿಗೆ ಬಾಯಿ ಹಚ್ಚಿ ಕೂಗಿದರೆ ಒಂದೆರಡು ಮಾತು ಒಳಗೆ ಹೋದರೆ ಹೋಯಿತು. ಎಲ್ಲರೂ ಚಪ್ಪಾಳೆ ತಟ್ಟಿದಾಗ ತಾನೂ ತಟ್ಟುತ್ತಿದ್ದ, ಒಂದು ಗಳಿಗೆ ತಡವಾಗಿ. ಪಾದ್ರಿ ಪ್ರಾರ್ಥಿಸಿದರು. ಕಾರ್ಖಾನೆಯ ಮ್ಯಾನೇಜರು ಊರಿನ ಹೆಮ್ಮೆಯ ಬಗ್ಗೆ ಮಾತಾಡಿದರು. ಕಮಾಂಡರ್ ಪ್ರಿಡೋ ಬಿಳಿ ಟೋಪಿ ಸರಿಮಾಡಿಕೊಂಡು ಮೈಕಿನ ಮುಂದೆ ನಿಂತು ಹಗ್ಗ ಎಳೆದರು. ಬಟ್ಟೆ ಜಾರಿತು. ಆರ್ವಿಲ್ ಗಂಟೆ ಹೊಡೆದ. ಸದ್ದು ಮೊದಮೊದಲು ಗಟ್ಟಿಯಾಗಿದ್ದು ಕೊನೆಕೊನೆಗೆ ಸಣ್ಣಗಾಯಿತೆಂದು ಮೇವಿಸ್‌ಗೆ ಅನ್ನಿಸಿತು. ಅವನ ಕಡೆ ನೋಡಲು ಮನಸ್ಸಾಗಲಿಲ್ಲ.

ಕಮಾಂಡರ್ ಓದಿದರು. ಹಡಗು ನೀರಿಗಿಳಿದ ವರ್ಷ, ಕಾವಲು ಕಾದ ಸರಕು ಹಡಗುಗಳ ಸಾಲು, ಮಂಜುಗಡ್ಡೆಯ ಭಾರಕ್ಕೆ ಒಂದು ಕಡೆ ವಾಲಿಕೊಂಡೇ ಬಂದರು ಸೇರಿದ ಯಾನ, ಎಣ್ಣೆ ಹಡಗಿನವರನ್ನು ಬದುಕಿಸಿದ್ದು, ಜಲಾಂತರ್ಗಾಮಿ. ಎಲ್ಲವೂ ನಿಜ. ಅದರಲ್ಲಿ ಒಂದೂ ಸುಳ್ಳಿಲ್ಲವೆಂದು ಮೇವಿಸ್‌ಗೆ ಗೊತ್ತಿತ್ತು. ಇಷ್ಟು ನಿಜವನ್ನು ಸಾಲಾಗಿ ನಿಲ್ಲಿಸಿದ ಮೇಲೆ ಕೊನೆಗೆ ಬರುವುದನ್ನೂ ಜನ ನಿಜವೆಂದೇ ನಂಬುತ್ತಾರೆ ಎನ್ನುವುದೂ ಗೊತ್ತಿತ್ತು. "...ತನ್ನ ಒಬ್ಬ ನಾವಿಕನನ್ನೂ ಕಳೆದುಕೊಳ್ಳಲಿಲ್ಲ." ಚಪ್ಪಾಳೆ. ಕೈಗವಸು ತೊಟ್ಟ ಕೈಗಳ ಮೆತ್ತನೆಯ ಚಪ್ಪಾಳೆ. ಜೇಬಿನಲ್ಲಿ ಅವಳ ಬೆರಳಿಗೆ ಉಣ್ಣೆ ಸಿಕ್ಕಿತು. ತಾನು ಎದ್ದದ್ದು ಯಾವಾಗ, ಕೈ ಮೇಲೆ ಹೋದದ್ದು ಯಾವಾಗ ಎಂದು ಆಮೇಲೆ ಕೇಳಿದರೆ ಅವಳಿಗೆ ಹೇಳಲಾಗುತ್ತಿರಲಿಲ್ಲ. ತಲೆಯ ಮೇಲೆ ಚಾಚಿದ ಕೈಯಲ್ಲಿ ಕಾಲುಚೀಲ ಗಾಳಿಗೆ ಹೊಯ್ದಾಡುತ್ತಿತ್ತು. ಪತ್ರಿಕೆಯ ಫೋಟೋದವನು ತನಗೇ ಕೈಬೀಸುತ್ತಿದ್ದಾಳೆಂದುಕೊಂಡು, ಸ್ವಲ್ಪ ಪಕ್ಕಕ್ಕೆ ಸರಿಯಿರಿ ಎಂದು ಸನ್ನೆ ಮಾಡಿದ.

"ಮಿಸೆಸ್ ಟಾಲ್ಮಿ?" ಮೈಕಿನಲ್ಲಿ ಕಮಾಂಡರ್ ನಗುನಗುತ್ತ ಕೇಳಿದರು. "ಯಾರದೋ ಕಾಲುಚೀಲ ಬಿದ್ದು ಸಿಕ್ಕಿದ ಹಾಗಿದೆ. ವಾರಸುದಾರರು ಕಾಫಿಯ ಹೊತ್ತಿಗೆ ತಗೊಳ್ಳಬಹುದು." ಜನ ನಕ್ಕರು. ಅವಳ ಮುಖ ಕಾದ ಹೆಂಚಿನಂತಾಯಿತು; ಆದರೂ ಕೈ ಇಳಿಯಲಿಲ್ಲ. ಕೈ ತನ್ನದಲ್ಲವೇನೋ ಎಂಬಂತೆ ಅಲ್ಲೇ ನಿಂತಿತ್ತು.

"ಟೋಪಿ!"

ಯಾರ ದನಿ ಎಂದು ಯಾರಿಗೂ ತಿಳಿಯಲಿಲ್ಲ. ಗಾಲಿಕುರ್ಚಿಯ ಎರಡೂ ಕೈ ಹಿಡಿದು ವೇಲನ್ ಅರ್ಧ ಎದ್ದಿದ್ದ. ಕಂಬಳಿ ನೆಲಕ್ಕೆ ಜಾರಿತ್ತು. ಇಷ್ಟು ಹೊತ್ತು ಒಂದು ಮಾತೂ ಕೇಳಿಸಿಕೊಳ್ಳದೆ ಕೂತಿದ್ದ ಅವನ ಕಣ್ಣು ಆ ಹಸಿರು ಹಿಮ್ಮಡಿಯ ಮೇಲೆ ನೆಟ್ಟಿತ್ತು. "ಅಪ್ಪಾ, ಕೂತ್ಕೋ" ಎಂದು ಮಗಳು ತೋಳು ಎಳೆದಳು. ಅವನು ಅವಳ ಕೈ ಕೊಡವಿದ. "ಟೋಪಿ ತೆಗೀರೋ ಅಂದೆ!" ಬಿರುಗಾಳಿಯ ನಡುವೆ ಒಂದು ತುದಿಯಿಂದ ಇನ್ನೊಂದು ತುದಿಗೆ ಮುಟ್ಟಿಸಿ ಅಭ್ಯಾಸವಿದ್ದ ದನಿ, ಮೈಕು ಬೇಕಾಗಿರಲಿಲ್ಲ. ಗಂಟೆಯ ಬಳಿ ಆರ್ವಿಲ್‌ನ ಟೋಪಿ ತಲೆಯಿಂದ ಇಳಿಯಿತು. ಅಲ್ಲಲ್ಲಿ ಕೂತಿದ್ದ ನಾಲ್ಕಾರು ಮುದುಕರ ಟೋಪಿಗಳೂ ಇಳಿದವು. ಆಮೇಲೆ ಮೇವಿಸ್ ನೋಡಿದಳು: ಕಮಾಂಡರ್ ಪ್ರಿಡೋರ ಬಲಗೈ ತಾನೇ ತಾನಾಗಿ ಮೇಲೆದ್ದು ಬಿಳಿ ಟೋಪಿಯನ್ನು ತೆಗೆದು ಎದೆಗೆ ಹಿಡಿಯಿತು. ಏನು ಮಾಡಿದೆ ಎಂದು ಅವರಿಗೆ ತಿಳಿದದ್ದು ಬೋಳುತಲೆಗೆ ಗಾಳಿ ತಾಗಿದ ಮೇಲೆ. ಅಷ್ಟರಲ್ಲಿ ಎಲ್ಲರೂ ನೋಡಿ ಆಗಿತ್ತು.

"ಹ್ಯಾಡೋನ ಕಾಲುಚೀಲ," ಎಂದ ವೇಲನ್. "ಒಂದೇ. ಅವರಮ್ಮ ಹೆಣೆದದ್ದು. ಹಿಮ್ಮಡಿ ಹಸಿರು. ಯಾರು ಕೂಗ್ತೀರಿ?"

ಯಾರೂ ನಗಲಿಲ್ಲ. ಫಲಕದಿಂದ ಜಾರಿದ ಬಟ್ಟೆ ಪಟಪಟ ಹೊಡೆದುಕೊಳ್ಳುತ್ತಿತ್ತು. 'ಏನಂತೆ? ಯಾವ ಹ್ಯಾಡೋ?' ಎಂದು ಹಿಂದೆ ಯಾರೋ ಪಿಸುಗುಟ್ಟಿದರು. ಮೇವಿಸ್ ಈಗ ಗಂಡನ ಕಡೆ ನೋಡಿದಳು. ಈಗಲೂ ಇವನು ಬಾಯಿ ಬಿಡದಿದ್ದರೆ ಮುಂದಿನ ರೈಲಿಗೆ ಹೊರಟುಬಿಡುತ್ತೇನೆ ಎಂದುಕೊಂಡಳು. ಎಲ್ಲಿಗೆ ಎಂಬುದು ಆಮೇಲಿನ ಮಾತು. ಆರ್ವಿಲ್ ಗಂಟೆಯ ಹಗ್ಗವನ್ನು ಇನ್ನೂ ಹಿಡಿದೇ ಇದ್ದ. ಅದನ್ನೊಮ್ಮೆ ನೋಡಿದ. ಬಿಟ್ಟ.

"ಒಂದು ತಿಂಗಳ ಸಂಬಳ," ಎಂದ.

"ಕೇಳಿಸ್ತಿಲ್ಲ!" ಎಂದು ವೇಲನ್ ಕಿವಿಗೆ ಕೈ ಅಡ್ಡ ಹಿಡಿದ.

"ಒಂದು ತಿಂಗಳ ಸಂಬಳ, ತಾಂಡೇಲ!" ಆರ್ವಿಲ್ ಕೂಗಿದ ಕೂಗಿಗೆ ಮುಳುಗಿದ ಹಡಗಿನ ಮೇಲೆ ರೆಕ್ಕೆ ಒಣಗಿಸುತ್ತ ಕೂತಿದ್ದ ನೀರುಕಾಗೆಗಳು ಒಟ್ಟಿಗೆ ಮೇಲೆದ್ದವು. ಮೂವತ್ತು ವರ್ಷದ ಸಂಸಾರದಲ್ಲಿ ಅವನು ಹಾಗೆ ಕೂಗಿದ್ದನ್ನು ಮೇವಿಸ್ ಕೇಳಿರಲಿಲ್ಲ.

"ಒಂದು ತಿಂಗಳ ಸಂಬಳ, ಒಂದು ಸಲ. ಎರಡು ಸಲ. ಮೂರು ಸಲ. ಟಾಲ್ಮಿಗೆ."

ಆರ್ವಿಲ್ ಕುರ್ಚಿಗಳ ನಡುವಿನಿಂದ ನಡೆದು ಬಂದ. ಹೆಂಡತಿಯ ಕೈಯಿಂದ ಕಾಲುಚೀಲ ತೆಗೆದುಕೊಂಡ. ಕಾಲುಚೀಲವನ್ನು ಒಂದು ಗಳಿಗೆ ಅಂಗೈಯಲ್ಲಿ ಇಟ್ಟುಕೊಂಡಿದ್ದು, ಅವತ್ತು ಎಸೆಯಲಾರದೆ ಉಳಿಸಿಕೊಂಡಿದ್ದನ್ನು ಇವತ್ತು ಮುದುಕನ ಮಡಿಲಿಗೆ ಎಸೆದ.

"ಮತ್ತೆ ಮಾರು."

ವೇಲನ್ ಅದನ್ನು ಎತ್ತಿ ಹಿಡಿದ. ಅವನ ಮಗಳು ಈಗ ತೋಳು ಎಳೆಯಲಿಲ್ಲ. ಬೀಳದಂತೆ ಬೆನ್ನಿಗೆ ಕೈಕೊಟ್ಟು ನಿಂತಿದ್ದಳು. ಮುದುಕ ಸಾಲು ಸಾಲಾಗಿ ಮುಖಗಳನ್ನು ನೋಡುತ್ತ ಬಂದು, ಕೊನೆಗೆ ಮೈಕಿನ ಮುಂದೆ ಬರಿತಲೆಯಲ್ಲಿ ನಿಂತವರ ಮೇಲೆ ಕಣ್ಣು ನಿಲ್ಲಿಸಿದ. "ಹ್ಯಾಡೋನ ಕಾಲುಚೀಲ," ಎಂದ ಮತ್ತೆ. "ಯಾರು ಕೂಗ್ತೀರಿ?"

ಕಮಾಂಡರ್ ಪ್ರಿಡೋ ಒಮ್ಮೆ ಕಂಚಿನ ಅಕ್ಷರಗಳನ್ನು ನೋಡಿದರು, ಒಮ್ಮೆ ಕೈಯಲ್ಲಿದ್ದ ಟೋಪಿಯನ್ನು ನೋಡಿದರು. ಅದನ್ನು ಮತ್ತೆ ತಲೆಗಿಡಲಿಲ್ಲ. ಕುರ್ಚಿಗಳೆಲ್ಲ ಕಾಯುತ್ತಿದ್ದವು. ಸಭಾಂಗಣದಲ್ಲಿ ಕಾಫಿ ಕುದ್ದು ಇಂಗುತ್ತಿರಬೇಕು, ಅಂಚು ಕುಯ್ದ ಬ್ರೆಡ್ಡು ಒಣಗಿ ಮಡಚಿಕೊಳ್ಳುತ್ತಿರಬೇಕು. ಒಣಗಲಿ ಎಂದುಕೊಂಡಳು ಮೇವಿಸ್. ಖಾಲಿಯಾದ ಕೈಯನ್ನು ಕೋಟಿಗೆ ಒರೆಸಿಕೊಂಡು, ಆ ಮನುಷ್ಯನ ಬಾಯಿಯನ್ನೇ ನೋಡುತ್ತ ನಿಂತಳು.